ಇಮಾಮಹುಸೇನರ ಕೆನೆ ಅತ್ತರು

ಬೆಳಗಾವಿಯ ಪೇಟೆಯಲ್ಲಿ ಮೂರು ತಲೆಮಾರಿನಿಂದ ಅತ್ತರು ಮಾರುವ ಮನೆತನದ ಇಮಾಮಹುಸೇನರು ಆ ಶುಕ್ರವಾರ ಒಂದು ಭೀಷ್ಮ ಪ್ರತಿಜ್ಞೆ ಮಾಡಿದರು. ಭಾನುವಾರ ಖಾನಾಪುರದಿಂದ ಊಟಕ್ಕೆ ಬರುವ ಬೀಗರಿಗೆ, ಜಗತ್ತಿನ ಯಾವ ಮೂಗೂ ಕಂಡಿರದ ಅತ್ತರನ್ನು ತಾವೇ ತಯಾರಿಸಿ ಹಚ್ಚುವುದು!

"ಊರಿಗೆ ಹೋದ ಮ್ಯಾಲೂ ಅವರು ಕೈ ಮೂಸ್ಕೋತ ಕುಂದರಬೇಕು ನೋಡು!" ಎಂದರು ಹೆಂಡತಿ ಗುಲಶನಳಿಗೆ.

"ಮಗಳ ಲಗ್ನದ ಮಾತೈತ್ರಿ. ನಿಮ್ಮ ಅತ್ತರದ ಪರೀಕ್ಷಾ ಅಲ್ಲ."

ಮಾತು ನಿಜ. ಮಗಳು ಮಹೇಕ ಮತ್ತು ಖಾನಾಪುರದ ಆರಿಫ ಒಬ್ಬರನ್ನೊಬ್ಬರು ಒಪ್ಪಿಯಾಗಿತ್ತು. ಉಳಿದದ್ದು ಆರಿಫನ ಅಜ್ಜಿ ಮರಿಯಮಬಿಯವರ 'ಹೂಂ' ಒಂದೇ. ಅಜ್ಜಿ ಹೂಂ ಅನ್ನದೆ ಆ ಮನೆಯಲ್ಲಿ ಕೋಳಿಯೂ ಕೂಗುವುದಿಲ್ಲ ಎಂದು ಸುದ್ದಿ.

ಹೊಸ ಅತ್ತರಿನ ಗುಟ್ಟು ಲ್ಯಾಕ್ಟೋನಿನಲ್ಲಿತ್ತು. ಹಾಲಿನ ಕೆನೆ, ಬೆಣ್ಣೆ, ಕೊಬ್ಬರಿ, ಪೀಚ್ ಹಣ್ಣು, ಇವೆಲ್ಲದರ ಪರಿಮಳದ ಹಿಂದೆ ಇರುವುದು ಈ ಲ್ಯಾಕ್ಟೋನುಗಳೇ. ಒಂದು ಜಾತಿಯದು ಮೂಗಿಗೆ ಕೆನೆ ಅನ್ನಿಸಿದರೆ ಇನ್ನೊಂದು ಪೀಚ್ ಅನ್ನಿಸುತ್ತದೆ. ಇದನ್ನು ಅವರಿಗೆ ಹೇಳಿಕೊಟ್ಟವಳು ಡೇರಿಯ ಲ್ಯಾಬಿನಲ್ಲಿ ಹಾಲು ಪರೀಕ್ಷಿಸುವ ಮಹೇಕ. ಇಮಾಮಹುಸೇನರು ಮುಂಬೈಯಿಂದ ಎರಡು ಶೀಶೆ ತರಿಸಿಯೇಬಿಟ್ಟರು.

"ಅಬ್ಬಾಜಾನ, ಇದು ಭಾಳ ಜೋರ ಐತಿ. ನೂರು ಹನಿ ಎಣ್ಣಿಗೆ ಒಂದು ಹನಿ ಹಾಕ್ರಿ, ಸಾಕು," ಎಂದಳು ಮಹೇಕ.

"ಎಣ್ಣಿ ಕಲಸೂದು?" ಇಮಾಮಹುಸೇನರ ಗಡ್ಡ ನಡುಗಿತು. "ನಮ್ಮ ಅಂಗಡಿ ಬೋರ್ಡಿನ ಮ್ಯಾಲೆ ಏನ ಬರದೈತಿ? 'ಮಿಲಾವಟ ಇಲ್ಲ'! ನೀ ಹೋಗೂ ಮನಿಯವ್ರಿಗೆ ಕಲಬೆರಕಿ ಅತ್ತರ ಹಚ್ಚಲೇನು?"

ಎರಡೂ ಶೀಶೆಗಳನ್ನು ಒಂದರೊಳಗೊಂದು ಹಾಗೇ ಸುರಿದರು. ಅವರ ಶಾಸ್ತ್ರದಲ್ಲಿ ಅದು ಮಿಲಾವಟವಲ್ಲ.

ಭಾನುವಾರ ಮಧ್ಯಾಹ್ನ ಬೀಗರು ಬಂದರು. ಬಂದವರ ಮುಂಗೈಗೆ ಬಾಗಿಲಲ್ಲೇ ಅತ್ತರು ಹಚ್ಚುವುದು ಆ ಮನೆಯ ಪದ್ಧತಿ. "ಬರ್ರಿ, ಬರ್ರಿ!" ಎನ್ನುತ್ತ ಇಮಾಮಹುಸೇನರು ಏಳು ಮುಂಗೈಗಳಿಗೆ ಧಾರಾಳವಾಗಿ ಬಳಿದರು. ಉತ್ಸಾಹ ತಡೆಯದೆ ಪರದೆಗೆ, ಲೋಡಿಗೆ, ಊಟಕ್ಕೆ ಹಾಸಿದ ದಸ್ತರಖಾನಿಗೂ ಚಿಮುಕಿಸಿದರು. ಹತ್ತು ಎಮ್ಮೆಗಳ ಹಾಲು ಒಟ್ಟಿಗೇ ಕುದ್ದು ಕೆನೆಗಟ್ಟಿದಷ್ಟು ಘಮಘಮ! ಮರಿಯಮಬಿ ಅಡುಗೆಮನೆಯತ್ತ ನೋಡಿ, ಮೊಮ್ಮಗನ ಕಡೆ ತಿರುಗಿ ಮೆಲ್ಲಗೆ ನಕ್ಕರು.

ಬಿರಿಯಾನಿ ಮುಗಿಯಿತು. ಶಾವಿಗೆ ಖೀರೂ ಮುಗಿಯಿತು. ಯಾರೂ ಏಳಲಿಲ್ಲ! ಹಿರಿಯರು ಕೈ ತೊಳೆಯದೆ ಉಳಿದವರು ಏಳುವಂತಿಲ್ಲ. ಹಿರಿಯರೋ, ಕೈ ಒಣಗಿಸಿಕೊಂಡು ಅಡುಗೆಮನೆಯ ಬಾಗಿಲನ್ನೇ ನೋಡುತ್ತಿದ್ದರು. ಕೊನೆಗೆ ಗುಲಶನ ಕೈ ತೊಳೆಸಲು ನೀರು ತಂದಳು.

"ಅವಸರ ಏನೈತಿ? ಎಲ್ಲಾ ಬರ್ಲಿ," ಎಂದರು ಮರಿಯಮಬಿ.

"ಎಲ್ಲಾ ಬಂತಲ್ರಿ!"

"ಹೌದೇನು?" ಅಜ್ಜಿಯ ಹುಬ್ಬು ಮೇಲೇರಿತು. "ಹಂಗಾರ ಬಾಸುಂದಿ ಮನಿ ಮಂದಿಗಷ್ಟ ಮಾಡೀರೇನು?"

ಗುಲಶನ ಗಂಡನನ್ನು ಅಡುಗೆಮನೆಗೆ ಎಳೆದುಕೊಂಡು ಹೋದಳು. "ನಿಮ್ಮ ಅತ್ತರಕ್ಕ ಬೆಂಕಿ ಹತ್ಲಿ! ಹೋಗಿ ಖರೇ ಹೇಳ್ರಿ."

"ಖರೇ ಹೇಳಿದ್ರ ಅಂಗಡಿ ಮರ್ಯಾದಿ ಹೋಗ್ತದ."

"ಹೇಳದಿದ್ರ ಮಗಳ ಸಂಬಂಧ ಹೋಗ್ತದ!"

ಇಮಾಮಹುಸೇನರು ಮೂರನೆಯ ದಾರಿ ಹುಡುಕಿದರು. ಗುಲಶನಳ ತಮ್ಮ ಇಶ್ತಿಯಾಕ ಹಿತ್ತಲ ಬಾಗಿಲಿನಿಂದ ಸ್ಕೂಟರ್ ಹತ್ತಿ ಓಡಿದ. ಅವನು ಹಿಂದವಾಡಿಯ ಮಿಠಾಯಿ ಅಂಗಡಿಯಿಂದ ಎರಡು ಕಿಲೋ ಬಾಸುಂದಿ ತರುವವರೆಗೆ ಇಮಾಮಹುಸೇನರು ಖಾನಾಪುರದ ಹವೆ, ಖಾನಾಪುರದ ರೈಲು, ಖಾನಾಪುರದ ಗೇರುಹಣ್ಣು ಎಂದು ಬಾಯಿಗೆ ಬಂದದ್ದನ್ನೆಲ್ಲ ಹೊಗಳಿದರು. ಬೀಗರು ಕುಂತಲ್ಲೇ ಕುಂತಿದ್ದರು.

ಬಾಸುಂದಿ ಬಂತು. ಮರಿಯಮಬಿ ಒಂದು ಚಮಚ ಬಾಯಿಗಿಟ್ಟು ಬಟ್ಟಲನ್ನು ಕೆಳಗಿಟ್ಟರು. "ಇದು ಅಲ್ಲ."

"ಬಾಸುಂದಿನ ಐತ್ರಿ!"

"ಒಳಗ ಘಮ್ಮಂತದಲ್ಲಾ, ಅದರ ಮುಂದ ಇದು ನೀರು! ಛಲೋದನ್ನ ಬಚ್ಚಿಟ್ಟು ಪ್ಯಾಟಿದು ತಂದು ಬಡಸ್ತೀರಿ. ಆರಿಫ, ಗಾಡಿ ತೆಗಿ. ಮನಿಗೆ ಹೋಗೂಣು."

ಇಮಾಮಹುಸೇನರು ಓಡಿ ಬಾಗಿಲಿಗೆ ಅಡ್ಡ ನಿಂತರು. ಅಷ್ಟರಲ್ಲಿ ಮಹೇಕ ಹೊರಗೆ ಬಂದು ಅತ್ತರಿನ ಶೀಶೆಯನ್ನು ಅಜ್ಜಿಯ ಮುಂದಿಟ್ಟಳು.

"ದಾದಿ, ಬಚ್ಚಿಟ್ಟಿದ್ದು ಇದೊಂದ. ನಿಮ್ಮ ಮುಂಗೈ ಮೂಸಿ ನೋಡ್ರಿ. ಖರೇ ಕೆನಿಯೊಳಗ ಇದು ಎಳ್ಳಷ್ಟ ಇರ್ತೈತಿ. ಅಬ್ಬಾಜಾನ ಇಡೀ ಶೀಶೆ ಖಾಲಿ ಮಾಡ್ಯಾರ. ಅದಕ್ಕ ಬಾಸುಂದಿ ಸಪ್ಪಗ ಅನಸಾಕತ್ತೈತಿ."

ಅಜ್ಜಿ ಮುಂಗೈ ಮೂಸಿದರು. ಏಳೂ ಜನ ಮೂಸಿದರು.

"ತಪ್ಪು ನಂದ್ರಿ," ಎಂದರು ಇಮಾಮಹುಸೇನರು. ಮೂರು ತಲೆಮಾರಿನ ಜಂಬ ಆ ಗಳಿಗೆಯಲ್ಲಿ ಅವರಿಗೆ ಮಗಳ ಮುಖದ ಮುಂದೆ ಕವಡೆ ಕಿಮ್ಮತ್ತಿನದೂ ಅನ್ನಿಸಲಿಲ್ಲ. "ಹುಡುಗಿ ಹೇಳಿದ್ಲು, ನಾ ಕೇಳ್ಲಿಲ್ಲ. ನನ್ನ ಸೊಕ್ಕಿಗೆ ಆಕಿ ಸಂಬಂಧ ಮುರೀಬ್ಯಾಡ್ರಿ."

ಮರಿಯಮಬಿ ಹೊಟ್ಟೆ ಹಿಡಿದುಕೊಂಡು ನಕ್ಕರು. ಕಣ್ಣಲ್ಲಿ ನೀರು ಬರುವಷ್ಟು ನಕ್ಕು, ಕೊನೆಗೂ ಕೈ ತೊಳೆದರು.

"ಇಷ್ಟು ಮಂದಿ ಮುಂದ ಖರೇ ಹೇಳೂ ಹುಡುಗಿ ನಮಗ ಬೇಕ ಬೇಕು. ಹೂಂ ಅಂದೆ! ಆದ್ರ ಒಂದು ಶರತ್ತು, ಬೀಗ್ರ."

"ಏನ ಬೇಕಾದ್ರೂ ಹೇಳ್ರಿ!"

"ಲಗ್ನದ ದಿವಸ ಊಟದ ಕಡೆ ನೀವು ಸುಳೀಬ್ಯಾಡ್ರಿ. ನೀವು ಬಾಜು ಹಾದು ಹೋದ್ರ ಮೊದಲನೇ ಪಂಗತಿ ಏಳೂದಿಲ್ಲ. ಎರಡನೇ ಪಂಗತಿಯವ್ರು ಉಪವಾಸ ಖಾನಾಪುರಕ್ಕ ಹೋಗಬೇಕಾಗ್ತದ!"