ಗಾರ್ಡಿಲ್ಲದೆ ಹೊರಟ ಗಾಡಿ

ಮೂವತ್ತಾರು ವರ್ಷ ರೈಲ್ವೆಯಲ್ಲಿ ದುಡಿದವನ ಹೆಂಡತಿ ಮೂವತ್ತಾರು ಮೈಲಿಯನ್ನೂ ರೈಲಿನಲ್ಲಿ ಹೋಗಿಲ್ಲ ಎಂಬುದು ನಮ್ಮ ಮನೆಯ ಕಾಯಂ ಆಪಾದನೆ. ಅನ್ನ ಸೀದರೂ ಇದೇ, ಸೊಸೆ ಫೋನ್ ಮಾಡದಿದ್ದರೂ ಇದೇ, ಪಕ್ಕದ ಮನೆಯ ಬೆಕ್ಕು ನಮ್ಮ ಬಾಲ್ಕನಿಯಿಂದ ಒಣಮೀನು ಕದ್ದರೂ ಮಾತು ಕೊನೆಗೆ ಬಂದು ನಿಲ್ಲುವುದು ಇದೇ ಸ್ಟೇಷನ್ನಿನಲ್ಲಿ. "ಲುವಾನ್ ದೆಫು!" ಎಂದು ಪೂರ್ತಿ ಹೆಸರು ಹಿಡಿದು ಕೂಗಿದಳೆಂದರೆ ಗ್ರಹಚಾರ ಕೆಟ್ಟಿತೆಂದೇ ಅರ್ಥ. (ಸಮಾಧಾನದಲ್ಲಿದ್ದಾಗ ನಾನು ಬರೀ 'ಮುದುಕಪ್ಪ'.)

ತಪ್ಪು ನನ್ನದಲ್ಲ ಸ್ವಾಮಿ. ನಾನು ಗೂಡ್ಸ್ ಗಾಡಿಯ ಗಾರ್ಡು. ಕಲ್ಲಿದ್ದಲು, ಸಿಮೆಂಟು, ಎಲೆಕೋಸು, ಜೀವಂತ ಹಂದಿ, ಇವೆಲ್ಲ ನನ್ನ ಜೊತೆ ದೇಶ ಸುತ್ತಿದವು. ಹೆಂಡತಿಯನ್ನು ವ್ಯಾಗನ್ನಿಗೆ ಹತ್ತಿಸಲು ನಿಯಮವಿರಲಿಲ್ಲ. ಹೊಸವರ್ಷದ ಹಬ್ಬಕ್ಕೆ ದೇಶವೆಲ್ಲ ಊರಿಗೆ ಹೊರಟಾಗ ರೈಲ್ವೆಯವನಿಗೆ ರಜೆ ಎಲ್ಲಿಂದ ಬರಬೇಕು? ಮನೆಯವರಿಗೆಂದು ಕೊಡುತ್ತಿದ್ದ ಪಾಸು ಡ್ರಾಯರಿನಲ್ಲೇ ಹಳದಿಯಾಗಿ ಅವಧಿ ಮುಗಿಸಿಕೊಳ್ಳುತ್ತಿತ್ತು. "ಆ ಹಂದಿಗಳು ಮಾಡಿದ ಪುಣ್ಯ ನಾನು ಮಾಡ್ಲಿಲ್ಲ ಬಿಡು," ಎನ್ನುತ್ತಿದ್ದಳು ಜಿನ್‌ಫೆಂಗ್.

ಹಾಗಾಗಿ ಈ ವಸಂತದಲ್ಲಿ ನನ್ನ ತಲೆಗೊಂದು ದಿವ್ಯ ಯೋಚನೆ ಹೊಳೆಯಿತು. ನಮ್ಮ ಬಾವ್‌ದಿಂಗ್ ಊರಿನ ಪಾರ್ಕಿನಲ್ಲಿ ಸಂಜೆ ಹೊತ್ತು ಕುಣಿಯುವ ಹೆಂಗಸರ ತಂಡವಿದೆ. ಅದರ ನಾಯಕಿ ಡಿಂಗ್ ಅಕ್ಕ. ಆಕೆ ಒಂದು ಪ್ರವಾಸ ಏರ್ಪಡಿಸಿದ್ದಳು: ಐದು ದಿನ, ಮೂರು ಮಹಾನಗರ, ಬೀಜಿಂಗ್, ನಾನ್‌ಜಿಂಗ್, ಶಾಂಘೈ. ಬೀಜಿಂಗ್‌ವರೆಗೆ ಬಸ್ಸು, ಅಲ್ಲಿಂದಾಚೆ ಓಡಾಟವೆಲ್ಲ ಬುಲೆಟ್ ರೈಲಿನಲ್ಲಿ, ಜೊತೆಗೊಬ್ಬ ಗೈಡು. ನಾನು ಯಾರನ್ನೂ ಕೇಳದೆ ಇಬ್ಬರ ಹೆಸರನ್ನೂ ಬರೆಸಿಬಿಟ್ಟೆ.

ಜಿನ್‌ಫೆಂಗ್ ಕೈಯಲ್ಲಿದ್ದ ಹಿಟ್ಟಿನ ಲಟ್ಟಣಿಗೆಯನ್ನು ಕೆಳಗಿಟ್ಟಳು. (ಅವಳು ಅದನ್ನು ಕೆಳಗಿಡುವುದು ಅಪರೂಪ.)

"ನಿಜವಾಗ್ಲೂ?"

"ನಿಜವಾಗ್ಲೂ. ನೀನು ಮಹಾರಾಣಿ ಹಾಗೆ ಕೂತ್ಕೋ. ಮಿಕ್ಕಿದ್ದೆಲ್ಲ ನಾನು ನೋಡ್ಕೋತೀನಿ. ಇದೊಂದು ಮುಗೀಲಿ, ಆಮೇಲೆ ವರ್ಷಕ್ಕೆರಡು ಸಲ ಹೋಗೋಣ. ಉತ್ತರದಲ್ಲಿ ಹಾರ್ಬಿನ್, ದಕ್ಷಿಣದಲ್ಲಿ ಗ್ವಾಂಗ್‌ಜೌ. ಇಬ್ಬರೇ, ಅಕ್ಕಪಕ್ಕ ಕೂತ್ಕೊಂಡು."

"ಅದು ಆಮೇಲೆ," ಎಂದಳು ಅವಳು. ಆದರೆ ಮುಖ ಆಗಲೇ ಅರಳಿತ್ತು. "ಈ ಐದು ದಿನ ನೀನು ಹೆಂಗಿರ್ತೀಯ ನೋಡಿ ತೀರ್ಮಾನ ಮಾಡ್ತೀನಿ. ನಿನ್ನ ಜೊತೆ ಹೋಗೋದೋ ಬೇಡ್ವೋ ಅಂತ."

ಅರ್ಥವಾಯಿತಲ್ಲ? ಇದು ಪ್ರವಾಸವಲ್ಲ, ಪರೀಕ್ಷೆ. ಅರವತ್ತಮೂರರ ವಯಸ್ಸಿನಲ್ಲಿ, ಸ್ವಂತ ಹೆಂಡತಿಯ ಮುಂದೆ. ಆದರೂ ನನಗೆ ಎಳ್ಳಷ್ಟೂ ಭಯವಿರಲಿಲ್ಲ. ವಿಷಯ ರೈಲು ತಾನೇ? ಮೀನಿಗೆ ಈಜು ಹೇಳಿಕೊಡಬೇಕೇ?

ಹನ್ನೆರಡು ಹೆಂಗಸರು, ಹನ್ನೆರಡು ಬಣ್ಣದ ರೇಷ್ಮೆ ಶಾಲು, ಅವರ ನಡುವೆ ನಾನೊಬ್ಬ ಗಂಡಸು. ಗೈಡು ಇಪ್ಪತ್ತೈದರ ಹುಡುಗಿ. ಎಲ್ಲರೂ ಅವಳನ್ನು ಚಿಕ್ಕ ಫಾನ್ ಎನ್ನುತ್ತಿದ್ದರು. ಸೊಂಟದಲ್ಲೊಂದು ಧ್ವನಿವರ್ಧಕ, ಕೈಯಲ್ಲೊಂದು ಬಾವುಟ. "ಕುಟುಂಬದವರೇ! ನನ್ನ ಕುಟುಂಬದವರೇ! ಈ ಕಡೆ ಬನ್ನಿ!" ಎಂದು ಕೂಗುತ್ತಿದ್ದಳು. ಜನ್ಮದಲ್ಲಿ ನೋಡಿರದ ಹದಿಮೂರು ಮಂದಿಯನ್ನು ಬೆಳಿಗ್ಗೆ ಏಳಕ್ಕೇ ಕುಟುಂಬ ಮಾಡಿಕೊಳ್ಳುವ ಆ ಎದೆಗಾರಿಕೆಯನ್ನು ಮೆಚ್ಚಲೇಬೇಕು.

ಬೀಜಿಂಗಿನ ಎರಡು ದಿನ ಹೇಗೆ ಕಳೆದವೋ ಗೊತ್ತಾಗಲಿಲ್ಲ. ಜಿನ್‌ಫೆಂಗ್ ಚಿಕ್ಕ ಮಗುವಾಗಿಬಿಟ್ಟಿದ್ದಳು. ಅರಮನೆಯ ಬಾಗಿಲಲ್ಲಿ ಫೋಟೋ, ಕಲ್ಲಿನ ಸಿಂಹದ ಮುಂದೆ ಫೋಟೋ, ಐಸ್‌ಕ್ರೀಮ್ ಮಾರುವವನ ಜೊತೆಗೂ ಫೋಟೋ. ಶಾಲನ್ನು ಗಾಳಿಗೆ ಹಾರಿಸಿ ನಿಂತರೆ ಹತ್ತು ವರ್ಷ ಚಿಕ್ಕವಳಾಗಿ ಕಾಣುತ್ತಿದ್ದಳು. ನನಗಂತೂ ಎದೆ ತುಂಬಿ ಬಂತು. ನಾನೂ ಕೈಲಾದ ಸೇವೆ ಮಾಡಿದೆ. ಚಿಕ್ಕ ಫಾನ್ ರಾಜರ ಕಥೆ ಹೇಳುತ್ತಿದ್ದಾಗ, ಈ ಅರಮನೆಯ ಇಟ್ಟಿಗೆ ಸಾಗಿಸಲು ಎಷ್ಟು ವ್ಯಾಗನ್ ಬೇಕಾಗುತ್ತಿತ್ತು, ಗಾರ್ಡುಗಳೆಷ್ಟು, ಎಂಜಿನ್ ಎಲ್ಲಿ ನೀರು ಹಿಡಿಯಬೇಕಿತ್ತು ಎಂಬುದನ್ನು ಹೆಂಗಸರಿಗೆ ವಿವರವಾಗಿ ತಿಳಿಸಿದೆ. ಡಿಂಗ್ ಅಕ್ಕ ಆಕಳಿಸಿದಳು. ಬಿಸಿಲಿಗೆ ಆಯಾಸವಾಗಿರಬೇಕು.

ಮೂರನೆಯ ದಿನ ಬೆಳಿಗ್ಗೆ ಬೀಜಿಂಗ್ ದಕ್ಷಿಣ ನಿಲ್ದಾಣದಿಂದ ನಾನ್‌ಜಿಂಗ್‌ಗೆ ಹೊರಟೆವು. ಅಬ್ಬಬ್ಬಾ, ಆ ಗಾಡಿ! ಹೊರಟದ್ದೇ ತಿಳಿಯಲಿಲ್ಲ. ಲೋಟದಲ್ಲಿನ ಚಹಾ ಅಲುಗದು, ಹೊರಗೆ ಮಾತ್ರ ಹೊಲ, ಮನೆ, ಮರಗಳೆಲ್ಲ ದಿಕ್ಕಾಪಾಲಾಗಿ ಓಡುತ್ತಿವೆ. ಮೂವತ್ತಾರು ವರ್ಷ ಕೊನೆಯ ಡಬ್ಬಿಯಲ್ಲಿ ನಿಂತು ದೇಶವನ್ನು ಹಿಮ್ಮುಖವಾಗಿ ನೋಡಿದವನು ನಾನು. ಎದುರಿನಿಂದ ಊರು ಬರುವುದನ್ನು ನೋಡುತ್ತಿದ್ದುದು ಅದೇ ಮೊದಲು. ಖುಷಿ ತಡೆಯಲಾರದೆ ಕಿಟಕಿಯ ಸೀಟು ನಾನೇ ಹಿಡಿದೆ. (ಹೆಂಡತಿಗೆ ವಿವರಿಸುವುದಕ್ಕೆಂದೇ.) ಬೂಟು ಬಿಚ್ಚಿ, ಬೀಜಿಂಗಿನ ಹೋಟೆಲಿನಿಂದ ತಂದ ತೆಳ್ಳನೆಯ ಬಿಳಿ ಚಪ್ಪಲಿ ಹಾಕಿಕೊಂಡೆ. ಫೋನನ್ನು ಚಾರ್ಜಿಗೆ ಸಿಕ್ಕಿಸಿದೆ. ಗುರುತಿನ ಚೀಟಿಗಳೆಲ್ಲ ಜಿನ್‌ಫೆಂಗ್‌ಳ ಸೊಂಟದ ಚೀಲದಲ್ಲಿ ಭದ್ರವಾಗಿದ್ದವು.

"ಅದು ನೋಡು, ಸಿಗ್ನಲ್ಲು."

"ಎಲ್ಲಿ?"

"ಹೋಯ್ತು. ಅದೋ, ಇನ್ನೊಂದು."

"ಸ್ವಲ್ಪ ಹಿಂದಕ್ಕೆ ಒರಗು ಮುದುಕಪ್ಪ. ನಿನ್ನ ತಲೆ ಬಿಟ್ಟು ಬೇರೇನೂ ಕಾಣ್ತಿಲ್ಲ ನಂಗೆ."

ಅಷ್ಟರಲ್ಲಿ ಮುಂದಿನ ನಿಲ್ದಾಣ ದೆಜೌ ಎಂದು ಪ್ರಕಟಣೆ ಬಂತು. ನನ್ನ ಬಾಯಲ್ಲಿ ನೀರೂರಿತು. ದೆಜೌ ಎಂದರೆ ಕೋಳಿ! ಮಸಾಲೆಯಲ್ಲಿ ಹದವಾಗಿ ಬೆಂದು, ಕಾಲು ಹಿಡಿದು ಕೊಡವಿದರೆ ಮೂಳೆ ತಾನಾಗಿ ಕಳಚಿ ಬೀಳುವ ಕೋಳಿ. ನನ್ನ ಕಾಲದಲ್ಲಿ ಗಾಡಿ ಅಲ್ಲಿ ನಿಲ್ಲುತ್ತಲೇ ಪ್ಲಾಟ್‌ಫಾರಂ ತುಂಬ ತಳ್ಳುಗಾಡಿಗಳು, ಕಿಟಕಿ ಕಿಟಕಿಯಿಂದ ಚಾಚಿದ ಕೈಗಳು, ಘಮಘಮ ಹಬೆ.

ನಾನು ಎದ್ದು ನಿಂತು ಘೋಷಿಸಿದೆ: "ತಂಗಿಯರೇ, ಯಾರೂ ಏಳಬೇಡಿ. ಇವತ್ತು ಎಲ್ಲರಿಗೂ ದೆಜೌ ಕೋಳಿ. ಬಿಸಿಬಿಸಿ. ನನ್ನ ಲೆಕ್ಕದಲ್ಲಿ."

"ಲುವಾನ್ ಅಣ್ಣ ಅಂದ್ರೆ ಅಣ್ಣ!" ಎಂದು ಹೆಂಗಸರು ಚಪ್ಪಾಳೆ ತಟ್ಟಿದರು.

"ದೊಡ್ಡಪ್ಪಾ, ಬೇಡ. ಎರಡೇ ನಿಮಿಷ ನಿಲ್ಲೋದು," ಎಂದಳು ಚಿಕ್ಕ ಫಾನ್. "ಕೋಳಿ ವಿಷಯ ನಾನು ಆಗಲೇ..."

"ಮಗೂ," ಎಂದೆ, ಅವಳ ಮಾತು ಮುಗಿಯಲು ಬಿಡದೆ. "ನೀನು ಹುಟ್ಟೋಕೆ ಮುಂಚಿನಿಂದ ನಾನು ಈ ದಾರೀಲಿ ಓಡಾಡಿದೀನಿ. ಗಾರ್ಡ್ ಇಲ್ದೆ ಗಾಡಿ ಹೊರಡೋದುಂಟೇ?"

ಇದನ್ನು ನಾನು ಜಂಬಕ್ಕೆ ಹೇಳಿದ್ದಲ್ಲ ಎಂದು ನೀವು ನಂಬಬೇಕು. ಮೂವತ್ತಾರು ವರ್ಷ ನಾನು ಕೈ ಎತ್ತದೆ ಒಂದು ಗಾಡಿಯೂ ಕದಲಿರಲಿಲ್ಲ. ಮೂತ್ರಕ್ಕೆ ಹೋದರೆ ಐವತ್ತು ವ್ಯಾಗನ್ ಕಲ್ಲಿದ್ದಲು ನನಗಾಗಿ ಕಾಯುತ್ತಿತ್ತು. ಆ ನಂಬಿಕೆ ಮೂಳೆಯಲ್ಲಿ ಇಳಿದುಬಿಟ್ಟಿದೆ.

ಇಳಿದೆ. ಪ್ಲಾಟ್‌ಫಾರಂ ಕನ್ನಡಿಯಂತೆ ಹೊಳೆಯುತ್ತಿತ್ತು. ತಳ್ಳುಗಾಡಿಯಿಲ್ಲ, ಹಬೆಯಿಲ್ಲ, ಕೋಳಿಯ ಒಂದು ಪುಕ್ಕವೂ ಇಲ್ಲ. ಆ ಕಂಬದ ಹಿಂದಿರಬಹುದು ಎಂದು ಹೋದೆ. ಇರಲಿಲ್ಲ. ಮುಂದಿನ ಕಂಬಕ್ಕೆ ಹೋದೆ. ಅಲ್ಲೊಂದು ಕಸದ ಡಬ್ಬಿಯಿತ್ತು.

ಹಿಂದೆ ಎಲ್ಲೋ ಪೀಪಿ ಊದಿದರು. ಆಗ ನಡೆದದ್ದನ್ನು ಹೇಳಲು ನಾಚಿಕೆಯಾಗುತ್ತದೆ. ಪೀಪಿ ಕಿವಿಗೆ ಬಿದ್ದದ್ದೇ ತಡ, ನನ್ನ ಬೆನ್ನು ನೆಟ್ಟಗಾಯಿತು, ಹಿಮ್ಮಡಿ ಕೂಡಿದವು, ಬಲಗೈ ನನ್ನನ್ನು ಕೇಳದೆ ತಾನಾಗಿ ಮೇಲೆದ್ದು ಗಾಳಿಯಲ್ಲಿ ಒಂದು ದೊಡ್ಡ ಸುತ್ತು ಹಾಕಿತು. 'ಎಲ್ಲ ಸರಿಯಿದೆ, ಹೊರಡಬಹುದು.'

ಗಾಡಿ ಹೊರಟಿತು.

ಏಳನೇ ಡಬ್ಬಿಯ ಕಿಟಕಿಗಳಲ್ಲಿ ಹೆಂಗಸರು ನಗುನಗುತ್ತ ನನ್ನತ್ತ ಕೈ ಬೀಸುತ್ತ ಸಾಗಿಹೋದರು. ನಾನು ಬಿಳಿ ಚಪ್ಪಲಿಯಲ್ಲಿ ನಾಲ್ಕು ಹೆಜ್ಜೆ ಓಡಿದೆ. ಅಷ್ಟರಲ್ಲಿ ಅದು ಮುಂದಿನ ಜಿಲ್ಲೆಯಲ್ಲಿತ್ತು.

ಕಡುನೀಲಿ ಸಮವಸ್ತ್ರದ ಒಬ್ಬ ಅಧಿಕಾರಿಣಿ ನನ್ನ ಬಳಿ ಬಂದಳು. ನಲವತ್ತರ ಹೆಂಗಸು, ಮುಖದಲ್ಲಿ ಬಲವಂತದ ಗಾಂಭೀರ್ಯ.

"ತಾತಾ, ಟಿಕೆಟ್ಟು, ಗುರುತಿನ ಚೀಟಿ?"

"ರೈಲಲ್ಲಿದೆ."

"ಫೋನು?"

"ಅದೂ ರೈಲಲ್ಲಿದೆ."

ಅವಳು ನನ್ನ ಕಾಲು ನೋಡಿದಳು. "ಬೂಟು?"

"ರೈಲಲ್ಲಿದೆ."

"ಮನೆಯವರು?"

"ಬೂಟಿನ ಪಕ್ಕದಲ್ಲೇ ಇದಾರೆ."

"ಹಾಗಾದ್ರೆ ನಿಮ್ಮ ಹತ್ರ ಇರೋದಾದ್ರೂ ಏನು ತಾತಾ?"

"ರೈಲ್ವೇಲಿ ಮೂವತ್ತಾರು ವರ್ಷದ ಅನುಭವ," ಎಂದೆ. ಅವಳು ಟೋಪಿ ಸರಿಮಾಡಿಕೊಳ್ಳುವ ನೆವದಲ್ಲಿ ಆಚೆ ತಿರುಗಿದಳು. ಭುಜ ಕುಲುಕುತ್ತಿತ್ತು.

ಹೆಂಡತಿಯ ನಂಬರು ಕೇಳಿದಳು. ಎಂಬತ್ತೇಳನೇ ಇಸವಿಯಲ್ಲಿ ಹಳಿ ತಪ್ಪಿದ ವ್ಯಾಗನ್ನಿನ ನಂಬರು ನನಗೆ ಈಗಲೂ ಬಾಯಿಪಾಠ. ಹೆಂಡತಿಯದು ಮಾತ್ರ ಫೋನಿನೊಳಗೆ 'ಮೇಲಧಿಕಾರಿ' ಎಂಬ ಹೆಸರಿನಲ್ಲಿದೆ. ಕೊನೆಗೆ ಆಕೆ ರೈಲಿನ ಸಿಬ್ಬಂದಿಗೇ ಕರೆ ಮಾಡಿದಳು. ಏಳನೇ ಡಬ್ಬಿಯಲ್ಲಿ ವಿಚಾರಣೆ ನಡೆಯುತ್ತಿರುವುದು ನನಗೂ ಕೇಳಿಸುತ್ತಿತ್ತು.

"ಅಮ್ಮಾ, ದೆಜೌನಲ್ಲಿ ಒಬ್ಬ ತಾತ ಉಳಿದುಬಿಟ್ಟಿದಾರೆ. ಬಿಳಿ ಚಪ್ಪಲಿ. ನಿಮ್ಮವರೇನಾ?"

ಬೇರೆ ಯಾರದೋ ಇರಬಹುದೇ ಎಂದು ನನ್ನವಳು ಯೋಚಿಸುತ್ತಿರುವುದು ಸ್ಪಷ್ಟವಾಗಿ ಕೇಳಿಸಿತು.

"ನಮ್ಮೋರೇ," ಎಂದಳು ಜಿನ್‌ಫೆಂಗ್. "ಗಾಡಿ ಬಿಡಿ ಅಂತ ಕೈ ಎತ್ತಿದ್ದೂ ಅವರೇ. ನಿಧಾನಕ್ಕೆ ಕಳಿಸಿ, ಅವಸರ ಏನಿಲ್ಲ."

ಮುಂದಿನ ಗಾಡಿಗೆ ಒಂದು ಗಂಟೆಯಿತ್ತು. ಅಧಿಕಾರಿಣಿ ನನಗೊಂದು ಲೋಟ ಬಿಸಿನೀರು ಕೊಟ್ಟಳು. ಒಂದು ಚೀಟಿ ಬರೆದು ಅದಕ್ಕೆ ಕೆಂಪು ಮುದ್ರೆ ಒತ್ತಿದಳು: ಒಬ್ಬ ವೃದ್ಧ, ಗಂಡಸು, ಸುಸ್ಥಿತಿಯಲ್ಲಿದ್ದಾನೆ, ನಾನ್‌ಜಿಂಗ್‌ನಲ್ಲಿ ಇಳಿಸಿ ವಾರಸುದಾರರಿಗೆ ಒಪ್ಪಿಸುವುದು. ಇಂಥ ಚೀಟಿಗಳನ್ನು ನಾನು ಸಾವಿರಾರು ಬರೆದಿದ್ದೇನೆ. ಹಂದಿಗಳಿಗೆ.

ದಾರಿಯುದ್ದಕ್ಕೂ ಕಿಟಕಿಯಾಚೆ ಏನು ಬಂತೋ ಏನು ಹೋಯಿತೋ, ನನಗೆ ಕಾಣುತ್ತಿದ್ದುದು ಬೈಗುಳಕ್ಕೆ ಸಜ್ಜಾದ ಒಂದು ಮುಖ ಮಾತ್ರ. ಬೈಯಲಿ, ಪೂರ್ತಿ ಹೆಸರು ಹಿಡಿದೇ ಬೈಯಲಿ. ಬೈದು ಮುಗಿದ ಮೇಲೆ ಜೊತೆಗಿರಲಿ, ಸಾಕು. ಹಾರ್ಬಿನ್‌ವರೆಗೂ ಕ್ಷಮೆ ಕೇಳುತ್ತ ಹೋಗಲು ನಾನು ತಯಾರಿದ್ದೆ.

ನಾನ್‌ಜಿಂಗ್ ನಿಲ್ದಾಣದ ಹೊರಬಾಗಿಲಲ್ಲಿ ಹನ್ನೆರಡು ಶಾಲುಗಳೂ ನಿಂತಿದ್ದವು. ಜಿನ್‌ಫೆಂಗ್ ಓಡಿ ಬಂದಳು. ನಾನು ಕಣ್ಣು ಮುಚ್ಚಿದೆ.

"ಮುದುಕಪ್ಪಾ! ಎಷ್ಟು ಚೆನ್ನಾಗಿತ್ತು ಗೊತ್ತಾ!"

ಕಣ್ಣು ಬಿಟ್ಟೆ. ಮುಖದಲ್ಲಿ ಸಿಟ್ಟಿನ ಸುಳಿವೂ ಇರಲಿಲ್ಲ. ಕೆನ್ನೆ ಕೆಂಪಾಗಿತ್ತು, ಕಣ್ಣು ಮಿನುಗುತ್ತಿತ್ತು. ನನಗೆ ನಿಜವಾದ ಭಯ ಹುಟ್ಟಿದ್ದು ಆಗ.

"ನೀನು ಇಳಿದ್ಯಲ್ಲ, ಕಿಟಕಿ ಸೀಟು ನಂಗೆ ಸಿಕ್ತು. ಹಳದಿ ನದಿ ನೋಡ್ದೆ! ಆಮೇಲೆ ಯಾಂಗ್ಟ್ಸಿ! ಅಯ್ಯಪ್ಪ, ಅದೇನು ನೀರು, ಅದೇನು ಹಡಗುಗಳು! ಒಂದು ಸಿಗ್ನಲ್ಲೂ ಕಾಣಿಸ್ಲಿಲ್ಲ ನೋಡು. ಎಲ್ರೂ ಸೇರಿ ಹಾಡು ಹೇಳಿದ್ವಿ. ಕೋಳಿ ತಿಂದ್ವಿ."

"ಕೋಳಿ? ಯಾವ ಕೋಳಿ?"

ಚಿಕ್ಕ ಫಾನ್ ತಲೆ ತಗ್ಗಿಸಿದಳು. "ಫೋನಲ್ಲೇ ತರಿಸಿದ್ದೆ ದೊಡ್ಡಪ್ಪ. ಈಗ ಸೀಟಿಗೇ ತಂದು ಕೊಡ್ತಾರೆ. ಅದನ್ನೇ ಹೇಳೋಕೆ ಬಂದೆ, ನೀವು ಬಿಡ್ಲಿಲ್ಲ. ನೀವು ಮುಂದಿನ ಬಾಗಿಲಲ್ಲಿ ಇಳಿಯೋವಾಗ ಕೋಳಿ ಹಿಂದಿನ ಬಾಗಿಲಲ್ಲಿ ಹತ್ತಿತು."

"ನಿಮಗೇಂತ ಕುತ್ತಿಗೆ ಉಳಿಸಿದೀವಿ ಅಣ್ಣ," ಎಂದು ಡಿಂಗ್ ಅಕ್ಕ ಒಂದು ಪೊಟ್ಟಣ ಚಾಚಿದಳು.

ಶಾಂಘೈನಲ್ಲಿ ನಾನು ಬೆಕ್ಕಿನಂತೆ ಸುಮ್ಮನಿದ್ದೆ. ವ್ಯಾಗನ್ ಸುದ್ದಿ ಎತ್ತಲಿಲ್ಲ. ಚೀಲ ಹೊತ್ತೆ, ಫೋಟೋ ತೆಗೆದೆ, ನದಿ ದಂಡೆಯಲ್ಲಿ ಶಾಲು ಹಾರುವ ತನಕ ಗಾಳಿ ಬರಲೆಂದು ಕಾದೆ. ಊರಿಗೆ ಮರಳುವ ಗಾಡಿಯಲ್ಲಿ ಕಿಟಕಿಯ ಸೀಟನ್ನು ಕೈಯಿಂದ ಒರೆಸಿ ಅವಳಿಗೆ ಬಿಟ್ಟುಕೊಟ್ಟು, ಮೆಲ್ಲಗೆ ಕೇಳಿದೆ: "ಏನು ತೀರ್ಮಾನ ಮಾಡ್ದೆ?"

ಅವಳು ನನ್ನ ಕೈ ಹಿಡಿದುಕೊಂಡಳು. ಮದುವೆಯಾದ ವರ್ಷ ಹಿಡಿದಿದ್ದಳೇನೋ, ಅದೇ ಮೃದು ಕೈ.

"ಇಷ್ಟು ವರ್ಷ ನೀನು ಕರ್ಕೊಂಡು ಹೋಗ್ಲಿ ಅಂತ ಕಾದಿದ್ದೇ ತಪ್ಪು ಮುದುಕಪ್ಪ. ಶರತ್ಕಾಲದಲ್ಲಿ ಡಿಂಗ್ ಅಕ್ಕ ಗ್ವಿಲಿನ್‌ಗೆ ಹೊರಡ್ತಾಳೆ. ನಾನೂ ಹೆಸರು ಬರೆಸಿದೀನಿ. ನೀನು ಪಾಪ ಜೀವಮಾನವೆಲ್ಲ ಓಡಾಡಿ ದಣಿದಿದೀಯ. ಮನೇಲಿರು."

ಹೋಗಿದ್ದಾಳೆ. ನಿನ್ನೆ ಬೆಳಿಗ್ಗೆ ಹೊರಟಳು. ಹೊರಟ ಅರ್ಧ ಗಂಟೆಗೇ ವಿಡಿಯೋ ಕರೆ ಬಂತು. ಫೋನನ್ನು ಕಿಟಕಿಗೆ ಒತ್ತಿ ಹಿಡಿದು, ನೋಡು ಬೆಟ್ಟ, ನೋಡು ಸುರಂಗ, ನೋಡು ಸೇತುವೆ ಎಂದು ಎರಡು ಗಂಟೆ ಒಂದೇ ಸಮನೆ ವಿವರಿಸಿದಳು. ನಾನು ಅಡುಗೆಮನೆಯ ಸ್ಟೂಲಿನ ಮೇಲೆ ಕೂತು ಹೂಂಗುಟ್ಟುತ್ತಿದ್ದೆ.

"ಅದೋ, ಆ ಎತ್ತರದ ಕಂಬ ನೋಡು, ಸಿಗ್ನಲ್ಲು!"

"ಅದು ಸಿಗ್ನಲ್ಲಲ್ಲ ಜಿನ್‌ಫೆಂಗ್," ಎಂದೆ, ತಡೆಯಲಾರದೆ. "ಅದು ಬರೀ ವಿದ್ಯುತ್ ತಂತಿಯ..."

"ಸುಮ್ನೆ ಕೇಳಿಸ್ಕೋ! ರೈಲಿನ ವಿಷಯ ಮನೇಲಿ ಕೂತೋರಿಗೆ ಏನು ಗೊತ್ತು?"

ಆ ಕಡೆ ಹನ್ನೊಂದು ಹೆಂಗಸರು ಘೊಳ್ಳೆಂದು ನಕ್ಕರು. ನಾನು ಫೋನನ್ನು ಉಪ್ಪಿನ ಡಬ್ಬಿಗೆ ಒರಗಿಸಿಟ್ಟು, ಒಬ್ಬನಿಗೆ ಸಾಲುವಷ್ಟು ಅಕ್ಕಿ ತೊಳೆಯಲು ಎದ್ದೆ.