ಮಾವನ ರೇಡಿಯೋಗೆ ಕರೆಂಟು ಕೊಟ್ಟಿದ್ದು

ನಾನು ಕೈ ಹಾಕಿದ ಕೆಲಸ ನೆಟ್ಟಗೆ ಮುಗಿಯುವುದು ಅಪರೂಪ, ನಗುವವರಿಗೆ ಮಾತ್ರ ಯಾವತ್ತೂ ಕೊರತೆಯಾಗಿಲ್ಲ.

ದಾವಣಗೆರೆಯ ಸೀರೆ ಅಂಗಡಿಯಲ್ಲಿ ನನ್ನ ಕೆಲಸ. ಭಾನುವಳ್ಳಿಯ ಮಾವನ ರೇಡಿಯೋ ಸೆಲ್ ನುಂಗುತ್ತಿತ್ತು. "ಕರೆಂಟಲ್ಲಿ ಓಡೋ ಹಂಗೆ ಒಂದು ಪವರ್ ಸಪ್ಲೈ ಮಾಡ್ಕೊಡ್ತೀನಿ" ಅಂದೆ. ಮಾವ ಊಟದ ಪಂಕ್ತಿಯಲ್ಲೇ, "ಸೀರೆ ಮಡಚೋರಿಗೆ ಅದೆಲ್ಲ ಯಾಕ್ರಿ?" ಎಂದು ನಕ್ಕರು. ಹೊಸ ಅಳಿಯ ನಾನು, ಎರಡನೇ ಹೋಳಿಗೆ ಬೇಡವೆಂದು ಎದ್ದುಬಿಟ್ಟೆ. ಮಾಡಿ ತೋರಿಸಲೇಬೇಕೆಂದು ನಿಟ್ಟುವಳ್ಳಿಯ ಎಲೆಕ್ಟ್ರಾನಿಕ್ಸ್ ಕ್ಲಾಸಿಗೆ ಸೇರಿದೆ.

ಚೌಕಾಸಿ

ಮೊದಲ ದಿನ ಮೇಷ್ಟ್ರು ಟ್ರಾನ್ಸ್‌ಫಾರ್ಮರ್ ತೋರಿಸಿ, "ಮನೆಗೆ ಬರೋ ಇನ್ನೂರ ಮೂವತ್ತು ವೋಲ್ಟನ್ನ ಇದು ಒಂಬತ್ತಕ್ಕೆ ಇಳಿಸ್ತೈತೆ" ಎಂದರು.

"ಇಂಥ ಗಿರಾಕಿ ನಮ್ಮಂಗಡಿ ಕಡೆ ಬರದಿದ್ರೆ ಸಾಕು ಸಾರ್" ಎಂದೆ.

ಎಲ್ಲರೂ ನಕ್ಕರು, ಮೇಷ್ಟ್ರು ನಗಲಿಲ್ಲ. ಅವರ ಮನೆಯವರು ಹಿಂದಿನ ದಿನವಷ್ಟೇ ನಮ್ಮಲ್ಲಿ ಒಂದು ತಾಸು ಚೌಕಾಸಿ ಮಾಡಿ ಇಳಕಲ್ ಸೀರೆ ತಗೊಂಡು ಹೋಗಿದ್ದರು.

ಅಂಚು ಸಮ ಮಾಡಿದ್ದು

ಕೆಪಾಸಿಟರಿಗೆ ಎರಡು ಕಾಲು. ಉದ್ದನೆಯದು ಪ್ಲಸ್, ಗಿಡ್ಡದ್ದು ಮೈನಸ್, ಅದಲುಬದಲಾದರೆ ಸಿಡಿಯುತ್ತದೆ. ಪಾಠ ಚೆನ್ನಾಗಿಯೇ ತಲೆಗೆ ಹೋಗಿತ್ತು. ಆದರೆ ಕೈ ಅಂಗಡಿಯದಲ್ಲವೇ, ಒಂದು ಉದ್ದ ಒಂದು ಗಿಡ್ಡ ನೋಡಿ ತಡೆಯಲಾಗದೆ ಎರಡನ್ನೂ ಸಮನಾಗಿ ಕತ್ತರಿಸಿಬಿಟ್ಟೆ. ಆಮೇಲೆ ಅಂದಾಜಿನ ಮೇಲೆ ಜೋಡಿಸಿ ಸ್ವಿಚ್ ಹಾಕಿದೆ. ಢಮ್ ಎಂದಿತು.

ಮೇಷ್ಟ್ರು ಮೇಜಿನ ಕೆಳಗಿಂದಲೇ ಕೇಳಿದರು: "ಫಾಲ್ಸ್ ಬೇರೆ ಹಚ್ಚಿದ್ರೇನ್ರಿ?"

ಬಸ್ಸಿನಲ್ಲಿ

ಅಂತೂ ಪವರ್ ಸಪ್ಲೈ ಡಬ್ಬಿ ತಯಾರಾಯಿತು. ಹರಿಹರದಲ್ಲಿ ಭಾನುವಳ್ಳಿ ಬಸ್ ಹತ್ತಿದೆ. ಪಕ್ಕದ ಯಜಮಾನರು, "ಏನ್ರಿ ಇದು?" ಎಂದರು.

"ಪವರ್ ಸಪ್ಲೈ ರೀ."

"ಕರೆಂಟ್ ಹೋದಾಗ ನಡೀತೈತಾ?"

"ಇಲ್ರಿ, ಅದಕ್ಕೂ ಕರೆಂಟ್ ಬೇಕು."

ಅವರು ನನ್ನನ್ನು ಬಹಳ ಕನಿಕರದಿಂದ ನೋಡಿ, ಕಿಟಕಿ ಪಕ್ಕದ ಸೀಟು ಬಿಟ್ಟುಕೊಟ್ಟರು.

ಪೂಜೆ

ಮಾವನ ಮನೆಯಲ್ಲಿ ಹೊಸ ವಸ್ತು ಬಂದರೆ ಪೂಜೆ ಆಗಲೇಬೇಕು. ಮಾವ ತಾವೇ ವೈರ್ ಸಿಕ್ಕಿಸುತ್ತೇನೆಂದು ರೇಡಿಯೋ ಹಿಡಿದು ಆ ಕಡೆ ತಿರುಗಿ ಕೂತರು. ನಾನು ಸ್ವಿಚ್ ಹಾಕಿದೆ, ಅವರು ರೇಡಿಯೋದ ಗುಂಡಿ ತಿರುಗಿಸಿದರು, ಹಾಡು ಬಂತು! ನನಗೆ ಕುಣಿಯುವಷ್ಟು ಖುಷಿ. ಅತ್ತೆ ಡಬ್ಬಿಗೆ ವಿಭೂತಿ ಹಚ್ಚಿ, ಹೂ ಏರಿಸಿ, ಊದುಬತ್ತಿ ಬೆಳಗಿದರು. ಕೊನೆಗೆ, ಗಾಳಿಯಾಡಲೆಂದು ನಾನು ಕೊರೆದಿದ್ದ ತೂತುಗಳ ಮೇಲೆ ಭಕ್ತಿಯಿಂದ ತೀರ್ಥ ಚಿಮುಕಿಸಿದರು.

ಡಬ್ಬಿಯಿಂದ ದಟ್ಟವಾಗಿ ಹೊಗೆ ಎದ್ದಿತು. ಊದುಬತ್ತಿಯದೆಂದುಕೊಂಡು ಎಲ್ಲರೂ ಕಣ್ಣು ಮುಚ್ಚಿ ಕೈ ಮುಗಿದರು. ನಾನೊಬ್ಬನೇ ಹಾರಿ ಹೋಗಿ ಸ್ವಿಚ್ ಆರಿಸಿ, ಪಿನ್ ಕಿತ್ತೆ. ನನ್ನ ಮರ್ಯಾದೆ ಅಲ್ಲಿಗೆ ಮುಗಿಯಿತೆಂದು ಅಳು ಬರುವಂತಾಯಿತು.

ರೇಡಿಯೋ ಮಾತ್ರ ಆರಾಮಾಗಿ ಹಾಡುತ್ತಲೇ ಇತ್ತು.

ಮಾವನ ಮುಖ ನೋಡಿದೆ. ಅವರು ನೆಲ ನೋಡಿದರು. "ಹೊಸ ಡಬ್ಬಿ ನೋಡ್ರಿ... ಯಾವ್ದಕ್ಕೂ ಇರ್ಲಿ ಅಂತ ನಿಮ್ ವೈರ್ ಸುಮ್ನೆ ಪಕ್ಕದಾಗಿಟ್ಟು, ರೇಡಿಯೋದೊಳಗ ಸೆಲ್ ಹಾಕಿದ್ದೆ. ನಾಲ್ಕು ಮಂದಿ ಮುಂದ ಅಳಿಯಂದ್ರಿಗೆ ಅವಮಾನ ಆಗಬಾರ್ದಲ್ರಿ."

ಅಷ್ಟರಲ್ಲಿ ಅತ್ತೆ ಕಣ್ಣು ಬಿಟ್ಟು, ಹೊಗೆಯನ್ನು ಎರಡೂ ಕೈಯಿಂದ ಕಣ್ಣಿಗೊತ್ತಿಕೊಂಡರು: "ಧೂಪದ ಡಬ್ಬಿ ಭಾಳ ಚಲೋ ಮಾಡೀರಿ. ನಮ್ ತಂಗಿಗೂ ಒಂದು ಮಾಡ್ಕೊಡ್ರಿ!"