ಇಪ್ಪತ್ತು ಗೋಡೆಯ ಲೆಕ್ಕ

ನೂರ ಇಪ್ಪತ್ತು ಕಂತುಗಳನ್ನು ಒಂದೂ ತಪ್ಪದಂತೆ ಕಟ್ಟಿದ ಯಲಗೂರಪ್ಪನಿಗೆ, ಇನ್ನು ನೂರ ನಲವತ್ತೈದು ಕಂತು ಬಾಕಿ ಇವೆ ಎಂದು ಮನೆ ಸಾಲದ ಕಂಪನಿ ಕಾಗದ ಕೊಟ್ಟಿತು. ಹತ್ತು ವರ್ಷದ ಹಿಂದೆ ಅವನು ಸಹಿ ಹಾಕಿದ್ದು ಒಟ್ಟು ಇನ್ನೂರ ನಲವತ್ತಕ್ಕೆ.

ಆ ಕಾಗದವನ್ನು ಬೇಡಿ ತಂದವನೂ ಅವನೇ. ತರದಿದ್ದರೆ ಆ ದಿನ ಹೋಳಿಗೆ ಉಂಡು ಸುಖವಾಗಿ ಮಲಗಬಹುದಿತ್ತು.

ಯಲಗೂರಪ್ಪ ವಿಜಯಪುರದಿಂದ ತಿಕೋಟಾದ ಮೇಲೆ ಹೊನವಾಡಕ್ಕೆ ಹೋಗುವ ಬಸ್ಸಿನ ಕಂಡಕ್ಟರು. ಇಟ್ಟಂಗಿಹಾಳ ರಸ್ತೆಯ ಬಡಾವಣೆಯಲ್ಲಿ ಇಪ್ಪತ್ತು ಲಕ್ಷ ಸಾಲ ತೆಗೆದು ಮನೆ ಕಟ್ಟಿಸಿದ್ದ. ಗೋಡೆಗೆ ಸಿಮೆಂಟಿನ ಗಿಲಾವು ಮುಗಿದ ದಿನವೇ ಹೆಂಡತಿ ಕಸ್ತೂರಿ ಒಂದು ಕಾನೂನು ಹೊರಡಿಸಿದ್ದಳು. ಅವಳ ಅಪ್ಪ ಹೊನವಾಡದಲ್ಲಿ ಜೀವಮಾನವಿಡೀ ಇನ್ನೊಬ್ಬರ ಹೊಲವನ್ನು ಪಾಲಿಗೆ ಮಾಡಿದವನು. ಬಿತ್ತುವುದು ಪಾಲಿನವನ ಕೆಲಸ, ಒಡ್ಡು ಹಾಕಿಸುವುದು ಹೊಲದ ಮಾಲಕನ ಕೆಲಸ ಎಂಬುದು ಆ ಮನೆಯ ಶಾಸ್ತ್ರ. ಕಸ್ತೂರಿ ಹೊಸ ಮನೆಯ ಒಳಗೂ ಹೊರಗೂ ಅಡ್ಡಾಡಿ ಗೋಡೆ ಎಣಿಸಿದಳು. ಸರಿಯಾಗಿ ಇಪ್ಪತ್ತು ಇದ್ದವು.

"ಸಾಲ ಇಪ್ಪತ್ತು ವರ್ಷದ್ದು. ವರ್ಷಕ್ಕೊಂದು ಗ್ವಾಡಿ ನಮ್ಮದಾಕ್ಕೈತಿ. ನಮ್ಮದಾದ ಗ್ವಾಡಿಗಷ್ಟ ಬಣ್ಣ. ಕಂಪನಿ ಗ್ವಾಡಿಗೆ ನಾವ್ಯಾಕ ರೊಕ್ಕ ಸುರೀಬೇಕು?"

ಅಂದಿನಿಂದ ಪ್ರತಿ ದೀಪಾವಳಿಗೆ ಪೇಂಟರ್ ಸೈಫುದ್ದೀನ ಒಂದು ಡಬ್ಬಿ ಹಳದಿ ಬಣ್ಣ ಹಿಡಿದು ಬಂದು ಒಂದೇ ಒಂದು ಗೋಡೆ ಬಳಿದು ಹೋಗುತ್ತಿದ್ದ. ಈಗ ಹತ್ತು ಗೋಡೆ ಹಳದಿ, ಹತ್ತು ಗೋಡೆ ಸಿಮೆಂಟು. ಎದುರು ಮನೆಯ ರುಕ್ಮವ್ವ ಬಂದವರಿಗೆಲ್ಲ ಗುರುತು ಹೇಳುವುದು ಹೀಗೆ: "ಅರ್ಧ ದಾಡಿ ಬೋಳಿಸೂದ್ರಾಗ ಕರೆಂಟ ಹೋದಂಗ ಐತಿ ನೋಡ್ರಿ, ಅದ ಯಲಗೂರಪ್ಪನ ಮನಿ."

ಅರ್ಧ ಮನೆ ನಮ್ಮದಾಯಿತೆಂದು ಕಸ್ತೂರಿ ಓಣಿಗೆಲ್ಲ ಸಂಜೆ ಐದಕ್ಕೆ ಹೋಳಿಗೆ ಊಟ ಹೇಳಿದಳು. "ಅರ್ಧ ಆಗೇತಿ ಅನ್ನೂದಕ್ಕ ಕಾಗದ ಐತೇನವಾ?" ಎಂದು ರುಕ್ಮವ್ವ ಕೇಳಿದ್ದೇ ಕೇಡಾಯಿತು. ಯಲಗೂರಪ್ಪ ಕಂಪನಿಗೆ ಹೋಗಿ ಮೊಹರಿನ ಕಾಗದಕ್ಕೆ ಅರ್ಜಿ ಕೊಟ್ಟ. ಅದು ಬಂತು. ಲಕೋಟೆಯನ್ನು ಚೀಲಕ್ಕೆ ಹಾಕಿಕೊಂಡು ಹೋಳಿಗೆ ಊಟದ ದಿನ ಮುಂಜಾನೆಯ ಬಸ್ಸು ಹತ್ತಿದ. ಊರು ದಾಟಿದ ಮೇಲೆ ಒಡೆದ.

ಬಸ್ಸಿನಲ್ಲಿ ಒಬ್ಬನ ಕೈಯಲ್ಲಿ ಕಾಗದ ಕಂಡರೆ ಅದು ಐವತ್ತು ಮಂದಿಯ ಕಾಗದ. ಮುಂದಿನ ಸೀಟಿನಲ್ಲಿದ್ದ ನಿವೃತ್ತ ಗಣಿತ ಮಾಸ್ತರು ಗುರುಪಾದಯ್ಯನವರು ಅದನ್ನು ಕೇಳದೆಯೇ ತೆಗೆದುಕೊಂಡು ಕನ್ನಡಕ ಏರಿಸಿದರು.

"ಯಲಗೂರಪ್ಪಾ, ಹತ್ತು ವರ್ಷದಾಗ ಇಪ್ಪತ್ತೆರಡು ಲಕ್ಷ ಮೂವತ್ತೇಳು ಸಾವಿರ ಕಟ್ಟೀಯಲ್ಲೋ!"

"ಹೌದ್ರಿ ಸರ. ಸಾಲ ಇಪ್ಪತ್ತು ಲಕ್ಷ. ಅರ್ಧಾ ತೀರಿರಬೇಕಲ್ರಿ?"

"ತೀರಿದ್ದು ಐದು ಲಕ್ಷ ಎಂಟು ಸಾವಿರ."

ಬಸ್ಸು ಒಂದು ಗುಂಡಿಗೆ ಬಿದ್ದು ಎದ್ದಿತು. ಯಲಗೂರಪ್ಪ ಬಿದ್ದವನು ಏಳಲಿಲ್ಲ. ಅಲ್ಲೇ ಗೋಣಿಚೀಲದ ಮೇಲೆ ಕುಳಿತ.

"ಉಳಿದ ಹದಿನೇಳು ಲಕ್ಷ?"

"ಬಡ್ಡಿ. ನಿನ್ನ ಮೊದಲನೇ ಕಂತು ಹದಿನೆಂಟು ಸಾವಿರದ ಆರನೂರ ಚಿಲ್ಲರೆ. ಅದರಾಗ ಹದಿನೈದು ಸಾವಿರದ ಎಂಟನೂರು ಬಡ್ಡಿಗೇ ಹೋಗೇತಿ. ಮನಿಗೆ ಮುಟ್ಟಿದ್ದು ಎರಡು ಸಾವಿರದ ಎಂಟನೂರು. ಮೊದಲ ಬಡ್ಡಿ ಉಣ್ತೈತಿ, ಉಳಿದ ಮುಸುರಿ ಅಸಲಿಗೆ. ಮತ್ತ ಎರಡು ವರ್ಷದ ಹಿಂದ ಬಡ್ಡಿ ದರ ಒಂಬತ್ತೂವರೆಯಿಂದ ಹನ್ನೊಂದಕ್ಕ ಏರಿಸ್ಯಾರ. ಕಂತು ಇದ್ದಷ್ಟ ಇಟ್ಟು, ಹಿಂದ ಇಪ್ಪತ್ತೈದು ಕಂತು ಜೋಡಿಸ್ಯಾರ. ಮುಗಿಯೂದ್ರಾಗ ಇಪ್ಪತ್ತು ಲಕ್ಷಕ್ಕ ನಲವತ್ತೊಂಬತ್ತು ಲಕ್ಷ ಕೊಟ್ಟಿರ್ತಿ."

ದಿನಕ್ಕೆ ಎಂಟು ನೂರು ಜನಕ್ಕೆ ಚಿಲ್ಲರೆ ಎಣಿಸಿ, ಸಂಜೆ ಡಿಪೋದಲ್ಲಿ ಒಂದು ರೂಪಾಯಿ ಹೆಚ್ಚುಕಮ್ಮಿಯಾಗದಂತೆ ಲೆಕ್ಕ ಒಪ್ಪಿಸುವ ಯಲಗೂರಪ್ಪನಿಗೆ ತನ್ನ ಬೆನ್ನ ಹಿಂದೆ ನಡೆದ ಈ ಲೆಕ್ಕ ಗೊತ್ತೇ ಇರಲಿಲ್ಲ. ಅವನಿಗೀಗ ನಲವತ್ತೊಂಬತ್ತು. ಐವತ್ತೊಂಬತ್ತಕ್ಕೆ ಸಾಲ ಹರಿದು, ನೌಕರಿಯ ಕೊನೆಯ ವರ್ಷದ ಪಗಾರವನ್ನಾದರೂ ಪೂರ್ತಿ ಮನೆಗೆ ಒಯ್ಯಬೇಕೆಂದುಕೊಂಡಿದ್ದ. ಈಗ ಸಾಲ ಅವನಿಗಿಂತ ಒಂದು ವರ್ಷ ತಡವಾಗಿ ನಿವೃತ್ತಿಯಾಗುವುದಿತ್ತು.

ಡ್ರೈವರ್ ಅಯೂಬ ಕನ್ನಡಿಯಲ್ಲಿ ಎಲ್ಲ ನೋಡುತ್ತಿದ್ದ. "ಅಂದ್ರ ಹೊನವಾಡಕ್ಕ ಟಿಕೇಟ ತಗೊಂಡು ಕುಂತೀವಿ. ತಿಕೋಟಾ ಬಂದ ಮ್ಯಾಲ ಕಂಡಕ್ಟರ್ ಹೇಳ್ತಾನ, ಹೊನವಾಡ ಮುಂದಕ್ಕ ಸರದೈತಿ, ಈಗ ಮಹಾರಾಷ್ಟ್ರದ ಜತ್ತದ ಕಡೆ ಐತಿ, ಟಿಕೇಟಿನ ರೊಕ್ಕ ಕೊಡ್ಕೋತ ಬರ್ರಿ ಅಂತ. ಹಂಗೇನ್ರಿ ಸರ?"

"ಹಂಗ."

"ನಾವಾಗಿದ್ರ ಕಂಡಕ್ಟರ್ನ ಇಳಿಸಿ ಹೋಗ್ತಿದ್ವಿ!" ಎಂದು ಹಿಂದಿನಿಂದ ಯಾರೋ ಕೂಗಿದರು. ಕೆಲವರು ಯಲಗೂರಪ್ಪನನ್ನೇ ಸಿಟ್ಟಿನಿಂದ ನೋಡಿದರು.

"ನಾ ಬಾಡಿಗಿ ಮನ್ಯಾಗ ಅದೇನಿ ಅಂತ ನನಗ ನಗ್ತಿದ್ದಿ ಯಲಗೂರಪ್ಪಣ್ಣಾ," ಅಯೂಬ ಗೇರು ಬದಲಿಸಿದ. "ನನ್ನ ಮನಿ ಮಾಲಕ ಎರಡು ವರ್ಷಕ್ಕೊಮ್ಮೆ ತಾನ ಬಂದು ಬಣ್ಣ ಹಚ್ಚಿಸ್ತಾನ. ಹತ್ತು ಗ್ವಾಡಿ ಹಚ್ಚೀರಿ ನೀವು. ಐದು ಲಕ್ಷಕ್ಕ ಐದ ಗ್ವಾಡಿ ನಿಮ್ಮವು. ಉಳಿದ ಐದಕ್ಕ ಪುಕ್ಕಟ ಹಚ್ಚಿ ಕೊಟ್ಟೀರಿ ಕಂಪನಿಗೆ."

ಇದನ್ನೆಲ್ಲ ಮೂರನೇ ಸೀಟಿನಿಂದ ಸಕ್ರವ್ವ ಬಾಯಿ ತೆರೆದು ಕೇಳುತ್ತಿದ್ದಳು. ಆಕೆ ಕಸ್ತೂರಿಯ ಸೋದರತ್ತೆ. ಕೇಳಿದ್ದನ್ನು ಹೊಟ್ಟೆಯಲ್ಲಿಟ್ಟುಕೊಂಡರೆ ಆಕೆಗೆ ಅಜೀರ್ಣವಾಗುತ್ತಿತ್ತು. ಕೂಡಲೇ ಫೋನು ತೆಗೆದಳು.

ಈ ಗದ್ದಲದಲ್ಲಿ ತಿಕೋಟಾ ಬಂತು. ತಪಾಸಣೆಯವರೂ ಹತ್ತಿದರು.

ಎಲ್ಲರ ಕೈಯಲ್ಲೂ ಟಿಕೆಟ್ ಇತ್ತು, ಸಕ್ರವ್ವನ ಕೈಯಲ್ಲಿ ಫೋನು ಮಾತ್ರ. ಹೆಂಗಸರಿಗೆ ಪ್ರಯಾಣ ಪುಕ್ಕಟೆ. ಆದರೂ ಸೊನ್ನೆ ರೂಪಾಯಿಯ ಟಿಕೆಟ್ ಹರಿದು ಕೊಡಲೇಬೇಕು. ಯಲಗೂರಪ್ಪ ಕೊಟ್ಟಿರಲಿಲ್ಲ.

"ಸೊನ್ನಿ ರೂಪಾಯಿ ವಸೂಲಿ ಮಾಡಿಲ್ಲ ಅಂತ ನನ್ನ ಅಳಿಯಗ ಮೆಮೊ ಕೊಡ್ತೀರೇನ್ರಿ ಯಪ್ಪಾ?" ಸಕ್ರವ್ವ ಕೇಳಿದಳು.

"ನಿಯಮ ಐತಿ ಆಯಿ."

ಸೊನ್ನೆ ತಪ್ಪಿಸಿದವನಿಗೆ ಮೆಮೊ ಬಂತು. ಇಪ್ಪತ್ತೈದು ಕಂತು ಜೋಡಿಸಿದವರಿಗೆ ಮೆಮೊ ಕೊಡುವವರು ಯಾವ ನಿಲ್ದಾಣದಲ್ಲಿ ಹತ್ತುತ್ತಾರೆಂದು ಯಲಗೂರಪ್ಪನಿಗೆ ತಿಳಿಯಲಿಲ್ಲ.

ಮಧ್ಯಾಹ್ನ ಅರ್ಧ ದಿನದ ರಜೆ ಹಾಕಿ ನೇರ ಕಂಪನಿಯ ಆಫೀಸಿಗೆ ಹೋದ. ಚಂದ್ರಕಾಂತ ಎಂಬ ತರುಣ ಅಧಿಕಾರಿ ತಣ್ಣನೆಯ ನೀರು ಕೊಟ್ಟು, ಅಷ್ಟೇ ತಣ್ಣಗೆ ವಿವರಿಸಿದ.

"ಕಂತು ಏರಿಸಿದ್ರ ನಿಮಗ ತ್ರಾಸ ಆಗ್ತದಂತ ಅವಧಿ ಹೆಚ್ಚಿಗಿ ಮಾಡೇವ್ರಿ. ಫೋನಿಗೆ ಸಂದೇಶ ಬಂದಿತ್ತಲ್ರಿ?"

ಬಂದಿತ್ತು. ಇಂಗ್ಲಿಷಿನಲ್ಲಿ, ಸೀರೆ ಅಂಗಡಿಯ ಸಂದೇಶಗಳ ನಡುವೆ.

"ನಡುವ ಒಮ್ಮೆ ಬಡ್ಡಿ ಇಳಿದಿತ್ತಂತಲ್ರಿ. ನನಗ್ಯಾಕ ಇಳೀಲಿಲ್ಲ?"

"ಇಳಿದದ್ದು ಹೊಸ ಗಿರಾಕಿಗೆ. ಹಳಬರು ಅರ್ಜಿ ಕೊಟ್ರ ಇಳಸ್ತೇವಿ."

"ಏರ್ಸಾಕ ಅರ್ಜಿ ಬೇಕಿದ್ದಿಲ್ಲ?"

"ಅದಕ್ಕ ಬೇಕಿಲ್ರಿ," ಎಂದ ಚಂದ್ರಕಾಂತ, ಬೇಸರವಿಲ್ಲದೆ. "ಈಗ ಕೊಡ್ರಿ. ಎಂಟೂವರೆಗೆ ಇಳಸ್ತೇನಿ. ಎಂಟು ಸಾವಿರದ ಎಂಟನೂರು ಶುಲ್ಕ. ಬಾಕಿ ನೂರ ನಲವತ್ತೈದು ಕಂತು ನೂರ ಹತ್ತೊಂಬತ್ತಕ್ಕ ಬರ್ತಾವ."

ಯಲಗೂರಪ್ಪ ಎದ್ದು ನಿಂತೇಬಿಟ್ಟ. ನೂರ ಹತ್ತೊಂಬತ್ತು! ಮೊದಲಿನ ಲೆಕ್ಕಕ್ಕಿಂತ ಒಂದು ಕಡಿಮೆ!

"ಎರಡ ಕೆಲಸ ಬಾಕಿ. ಮನಿ ಒಮ್ಮೆ ನೋಡಬೇಕು. ಸಾಲ ಜಂಟಿ ಐತಲ್ಲ, ನಿಮ್ಮ ಮನಿಯವರ ಸಹಿ ಬೇಕು."

"ಈಗ ಬರ್ರಿ ಸಾಹೇಬ್ರ! ಹೋಳಿಗಿ ಊಟಾನೂ ಐತಿ!" ಯಲಗೂರಪ್ಪ ಅವನನ್ನು ಸ್ಕೂಟರಿನ ಹಿಂದೆ ಕೂರಿಸಿಕೊಂಡು, ಮೀಸೆ ತಿರುವುತ್ತ ಮನೆಗೆ ಬಂದ.

ಬಾಗಿಲಲ್ಲೇ ಮೀಸೆ ಇಳಿಯಿತು. ಸಕ್ರವ್ವನ ಫೋನು ತನ್ನ ಕೆಲಸ ಮಾಡಿತ್ತು. ನಡುಮನೆಯ ನೆಲದ ಮೇಲೆ ಕಸ್ತೂರಿ ಸುಣ್ಣದಲ್ಲಿ ಗೆರೆ ಎಳೆದಿದ್ದಳು. ಗೆರೆಯ ಈಚೆ, ಐದು ಗೋಡೆಗಳ ನಡುವೆ, ಅಡುಗೆಮನೆಯೂ ಸೇರಿ, ನಲವತ್ತು ಜನ ಮೊಳಕಾಲಿಗೆ ಮೊಳಕಾಲು ಹಚ್ಚಿ ಮಾರ್ಕೆಟ್ಟಿನ ಬುಟ್ಟಿಯೊಳಗಿನ ಬದನೆಕಾಯಿಯ ಹಾಗೆ ಕುಳಿತಿದ್ದರು. ಗೆರೆಯ ಆಚೆ, ದೊಡ್ಡ ಕೋಣೆ, ಮಲಗುವ ಕೋಣೆ ಎಲ್ಲ ಖಾಲಿ. ಫ್ಯಾನು ಕೂಡ ಆ ಕಡೆಗೇ ಇತ್ತು.

"ಆ ಕಡೆ ಕುಂದರಾಕ ಏನಾಗೇತಿ ಬೇ?" ಬೆವರು ಒರೆಸುತ್ತ ರುಕ್ಮವ್ವ ಕೇಳುತ್ತಿದ್ದಳು.

"ಮಂದಿ ಮನ್ಯಾಗ ಪಂಕ್ತಿ ಹಾಕಂಗಿಲ್ಲ ನಾ," ಎಂದಳು ಕಸ್ತೂರಿ. ಚಂದ್ರಕಾಂತನನ್ನು ಕಂಡು ಸೆರಗು ಸರಿಮಾಡಿಕೊಂಡಳು. "ಬರ್ರಿ ಸಾಹೇಬ್ರ. ನೀವು ಗೆರಿ ದಾಟಿ ಆರಾಮ ಕುಂದರ್ರಿ, ಅದು ನಿಮ್ಮದ. ಬಚ್ಚಲ ಛತ್ತು ಸೋರಾಕತ್ತೈತಿ, ಒಂದಿಷ್ಟು ನೋಡ್ಕೋರಿ."

ಗೆರೆಯ ಆಚೆಯ ಖಾಲಿ ಕೋಣೆಯಲ್ಲಿ ಚಂದ್ರಕಾಂತ ಒಬ್ಬನೇ ಒಂದು ಕುರ್ಚಿಯ ಮೇಲೆ ಕುಳಿತು, ನಲವತ್ತು ಜನ ನೋಡುತ್ತಿರುವಾಗ ಹೋಳಿಗೆ ತಿಂದ. ಅದು ಅವನಿಗೆ ಅಷ್ಟು ಸುಲಭವಾಗಿ ಇಳಿಯಲಿಲ್ಲ.

"ನಂದೂ ಸಾಲದ ಮನೀನ್ರಿ ಅಕ್ಕಾರ," ಎಂದ, ನೀರು ಕುಡಿದು. "ಹೋದ ವರ್ಷ ತಗೊಂಡೇನಿ. ಮೂವತ್ತು ವರ್ಷದ್ದು."

"ಹೌದ? ನಿಮ್ಮವು ಎಷ್ಟು ಗ್ವಾಡಿ ಆದುವು?"

ಚಂದ್ರಕಾಂತ ಬೆರಳಲ್ಲಿ ಏನೋ ಎಣಿಸಿದ. ಆಮೇಲೆ ಬೆರಳು ಮಡಚಿದ. "ಒಂದು ಕಿಟಕಿ ಆಗಿರಬಹುದ್ರಿ."

ಜನ ನಕ್ಕರು, ಕಸ್ತೂರಿ ಮಾತ್ರ ನಗದೆ ಅವನಿಗೆ ಇನ್ನೊಂದು ಹೋಳಿಗೆ ಹಾಕಿ ತುಪ್ಪ ಬಿಟ್ಟಳು. ಕೈ ತೊಳೆದ ಮೇಲೆ ಅವನು ಮನೆ ಸುತ್ತಿ ಬಂದು ಅರ್ಜಿಯಲ್ಲಿ ಒಂದು ಕಡೆ ಪೆನ್ನು ನಿಲ್ಲಿಸಿದ.

"ಒಂದು ಅಡಚಣಿ ಐತ್ರಿ. ಇಲ್ಲಿ 'ಮನೆ ಪೂರ್ಣ, ಅಪೂರ್ಣ' ಅಂತ ಐತಿ. ಹತ್ತು ಗ್ವಾಡಿ ಸಿಮೆಂಟ, ಹಚ್ಚಿದ ಹಳೇ ಬಣ್ಣಾನೂ ಉದರಾಕತ್ತೈತಿ. ಇದನ್ನ ಪೂರ್ಣ ಅಂತ ಬರಿಯಾಕ ಬರಂಗಿಲ್ಲ. ಅಪೂರ್ಣ ಮನಿಗೆ ಎಂಟೂವರೆ ದರ ಸಿಗಂಗಿಲ್ಲ."

ಯಲಗೂರಪ್ಪನ ಮುಖ ಕೂಡ ಸಿಮೆಂಟಿನ ಬಣ್ಣಕ್ಕೆ ತಿರುಗಿತು. "ಬಣ್ಣಕ್ಕ ರೊಕ್ಕ ಎಲ್ಲೈತ್ರಿ? ಇದ್ದದ್ದೆಲ್ಲ ಈ ಊಟಕ್ಕ ಹೋತು."

"ಅದಕ್ಕೂ ದಾರಿ ಐತಿ. ಇದ ಸಾಲದ ಮ್ಯಾಲ ಒಂದೂವರೆ ಲಕ್ಷ ಬಣ್ಣದ ಸಾಲ ಕೊಡ್ತೇವಿ. ಹನ್ನೆರಡು ಟಕ್ಕೆ ಬಡ್ಡಿ. ಕಂತು ಏರಂಗಿಲ್ಲ, ಇದ್ದಷ್ಟ ಇರ್ತೈತಿ."

"ಅವಧಿ?" ಎಂದು ಬಾಗಿಲ ಬಳಿಯಿಂದ ಗುರುಪಾದಯ್ಯನವರ ದನಿ ಬಂತು. ಅವರೂ ಅಯೂಬನೂ ಊಟಕ್ಕೆ ಬಂದಿದ್ದರು.

ಚಂದ್ರಕಾಂತ ಫೋನಿನಲ್ಲಿ ಒತ್ತಿ ನೋಡಿದ. ಇನ್ನೊಮ್ಮೆ ಒತ್ತಿದ. "ನೂರ ನಲವತ್ತಮೂರು ಕಂತು."

"ಅಂದ್ರ ಈಗಿನಕ್ಕಿಂತ ಎರಡು ಕಡಿಮಿ."

"ಎರಡು ಕಡಿಮಿ," ಎಂದು ಚಂದ್ರಕಾಂತನೂ ಒಪ್ಪಿದ.

ಮಾಸ್ತರರು ಮೆಲ್ಲಗೆ ಗೋಡೆಗಳನ್ನು ನೋಡಿದರು. "ಇನ್ನೊಂದು ಐತಿ ಕಸ್ತೂರಿ. ತೀರಿದ್ದು ಐದು ಲಕ್ಷ. ಹೊಸದಾಗಿ ಒಂದೂವರೆ ಲಕ್ಷ ತಗೊಂಡ್ರ, ತೀರಿದ್ದು ಮೂರೂವರೆಗೆ ಬರ್ತೈತಿ. ಅವರ ಹದಿನೈದು ಗ್ವಾಡಿಗೆ ಬಣ್ಣ ಹಚ್ಚಾಕ, ನಿಮ್ಮ ಐದರಾಗ ಒಂದೂವರೆ ಗ್ವಾಡಿ ಅವರಿಗೇ ವಾಪಸ್ ಕೊಟ್ಟಂಗ."

ಗೆರೆಯ ಈಚೆ ಕುಳಿತಿದ್ದ ನಲವತ್ತು ಜನ, ಈಗ ಇನ್ನೂ ಒತ್ತಿ ಕೂರಬೇಕಾದೀತೆಂಬಂತೆ ತಂತಮ್ಮ ಮೊಳಕಾಲು ಹಿಂದಕ್ಕೆಳೆದುಕೊಂಡರು.

ಚಂದ್ರಕಾಂತ ಅರ್ಜಿಯನ್ನೂ ಪೆನ್ನನ್ನೂ ಗೆರೆಯ ಮೇಲಿನಿಂದ ದಾಟಿಸಿದ. "ಎರಡು ಕಡೆ ಸಹಿ, ಅಕ್ಕಾರ. ಒಂದು ತಿಂಗಳದಾಗ ಬಣ್ಣ ಹಚ್ಚಸ್ತೇವಿ ಅಂತ ಇಲ್ಲೊಂದು."

"ಮುಂದ ಮತ್ತ ಬಡ್ಡಿ ಏರಿದ್ರ ನಮ್ಮನ್ನ ಕೇಳ್ತೀರೇನು?" ಎಂದಳು ಕಸ್ತೂರಿ.

"ಸಂದೇಶ ಬರ್ತೈತ್ರಿ."

"ಸಹಿ ಮಾಡು ಕಸ್ತೂರಿ," ಯಲಗೂರಪ್ಪ ಕೈ ಮುಗಿಯುವುದೊಂದು ಬಾಕಿ. ಕಿಸೆಯಲ್ಲಿ ಮೆಮೊ ಚುಚ್ಚುತ್ತಿತ್ತು. "ಎರಡ ಕಂತಾದ್ರೂ ಉಳೀತಾವ. ಮಾಡು."

"ಸಹಿ ಮಾಡವಾ, ಮನಿ ಒಂದು ಬಣ್ಣಕ್ಕಾದ್ರೂ ಬರ್ತೈತಿ," ಎಂದಳು ರುಕ್ಮವ್ವ.

ಕಸ್ತೂರಿ ಪೆನ್ನಿಗೆ ಟೊಪ್ಪಿಗೆ ಹಾಕಿದಳು. ಅರ್ಜಿಯನ್ನು ನಾಲ್ಕು ಮಡಿಕೆ ಮಡಚಿ, ಗೆರೆಯ ಆಚೆ, ಕಂಪನಿಯ ನೆಲದ ಮೇಲೆ ಮೆಲ್ಲಗೆ ಇಟ್ಟಳು.

"ಬಣ್ಣ ಮಾಲಕ ಹಚ್ಚಸ್ಬೇಕು ಸಾಹೇಬ್ರ. ಹಳದಿ ನನಗ ಸೇರ್ತೈತಿ, ನಿಮ್ಮ ಗ್ವಾಡಿಗೆ ನಿಮಗ ಬೇಕಾದ್ದು ಹಚ್ಚಸ್ರಿ. ನಾ ಸಹಿ ಮಾಡಂಗಿಲ್ಲ."